ಮಾತಿಲ್ಲದ ಪರದೆಯ ಮೇಲೆ ಮನುಷ್ಯನ ಗುರುತು



ಒಂದು ಸರಳ ಪ್ರಶ್ನೆಯಿಂದ ಪ್ರಾರಂಭಿಸೋಣ. ಒಬ್ಬ ವ್ಯಕ್ತಿಯನ್ನು ‘ಇವರು ಇಂಥವರೇ’ ಎಂದು ನಾವು ಗುರುತಿಸುವುದು ಹೇಗೆ? ‘ಮುಖ ನೋಡಿ’ ಎಂದು ನೀವು ತಟ್ಟನೆ ಹೇಳಬಹುದು. ಆದರೆ ಜಯನಗರದ ನಾಲ್ಕನೇ ಬ್ಲಾಕಿನ ಬಸ್ ನಿಲ್ದಾಣದಲ್ಲಿ ಸಂಜೆಯ ಹೊತ್ತು ನಿಂತವರು, ಬೆನ್ನು ತಿರುಗಿಸಿ ಹೋಗುತ್ತಿರುವ ಗೆಳೆಯನನ್ನು ನಡಿಗೆಯಿಂದಲೇ ಕಂಡುಹಿಡಿದು ಕೂಗುತ್ತಾರೆ. ಮೆಟ್ಟಿಲ ಮೇಲಿನ ಚಪ್ಪಲಿಯ ಸದ್ದು ಕೇಳಿದೊಡನೆ ‘ಅಪ್ಪ ಬಂದರು’ ಎಂದು ಮನೆಯ ಮಕ್ಕಳು ದೂರದರ್ಶನದ ಸದ್ದು ತಗ್ಗಿಸುವುದೂ ಉಂಟು! ಅಂದರೆ ಗುರುತು ಎನ್ನುವುದು ಮುಖವೊಂದರಲ್ಲೇ ಇಲ್ಲ. ನಡಿಗೆ, ದನಿ, ಉಡುಪು, ಕೂತ ಜಾಗ ಇವೆಲ್ಲ ಸೇರಿ ಆಗುವಂಥದ್ದು. ಸೇರಿಸುವ ಕೆಲಸವನ್ನು ಮಾಡುವವರು ನಾವು, ನೋಡುವವರು.

ನಮ್ಮ ನಾಡಿನ ಕಲೆಗಳಿಗೆ ಈ ವಿಷಯ ಹೊಸದಲ್ಲ. ಕರಾವಳಿಯಲ್ಲೂ ಕಾಸರಗೋಡಿನಲ್ಲೂ ನಡೆಯುವ ತಾಳಮದ್ದಳೆಯಲ್ಲಿ ವೇಷವಿಲ್ಲ, ಕುಣಿತವಿಲ್ಲ. ಪಂಚೆ ಉಟ್ಟು ಕುಳಿತ ಅರ್ಥಧಾರಿ ಬರಿಯ ಮಾತಿನಿಂದ ಕರ್ಣನಾಗುತ್ತಾನೆ. ಮರುದಿನ ಅದೇ ವ್ಯಕ್ತಿ ಕೃಷ್ಣನಾಗುತ್ತಾನೆ. ಹಗಲುವೇಷದ ಕಲಾವಿದರದು ಬೇರೆ ದಾರಿ. ಹಾಡುಹಗಲಿನಲ್ಲಿ, ಬೀದಿಯ ನಡುವೆ, ಬಣ್ಣ ಬಟ್ಟೆಗಳಿಂದಲೇ ಅವರು ನಮ್ಮ ಕಣ್ಣನ್ನು ಗೆಲ್ಲಬೇಕು. ಒಂದರಲ್ಲಿ ಕಿವಿ ಪಾತ್ರವನ್ನು ಕಟ್ಟಿಕೊಳ್ಳುತ್ತದೆ, ಇನ್ನೊಂದರಲ್ಲಿ ಮೊದಲು ಕಣ್ಣು ಕಟ್ಟಿಕೊಳ್ಳುತ್ತದೆ.

ಸಿನಿಮಾ ಹುಟ್ಟಿದ ಮೇಲೆ ಮೊದಲ ಮೂರು ದಶಕಗಳ ಕಾಲ ಅದಕ್ಕೆ ಮಾತು ಬರುತ್ತಿರಲಿಲ್ಲ. ಆ ಅವಧಿಯಲ್ಲಿ ‘ಬರಿಯ ಕಣ್ಣಿಗೆ ಮನುಷ್ಯ ಎಷ್ಟು ತಿಳಿಯುತ್ತಾನೆ?’ ಎಂಬ ಪ್ರಯೋಗ ಪರದೆಯ ಮೇಲೆ ಎಡೆಬಿಡದೆ ನಡೆಯಿತು. ಇಟಲಿಯಲ್ಲಿ ಇದು ಬಹಳ ಸ್ವಾರಸ್ಯಕರವಾಗಿ ನಡೆಯಿತು. ಅದೇ ಪ್ರಯೋಗ ನಮ್ಮ ಬೆಂಗಳೂರಿನಲ್ಲೂ, ಬಹಳ ವರ್ಷಗಳ ನಂತರ, ಒಂದು ಅಪರೂಪದ ಚಿತ್ರದಲ್ಲಿ ಮುಂದುವರಿಯಿತು. ಆ ಎರಡನ್ನೂ ಒಟ್ಟಿಗೆ ಇಟ್ಟು ನೋಡೋಣ.

ಮೊದಲು ಇಟಲಿ. ರೋಮ್ ನಗರದಲ್ಲಿ 1867ರಲ್ಲಿ ಹುಟ್ಟಿದ ಲಿಯೋಪೋಲ್ಡೋ ಫ್ರೆಗೋಲಿ ರಂಗಭೂಮಿಯ ನಟ. ಕ್ಷಣಾರ್ಧದಲ್ಲಿ ವೇಷ ಬದಲಾಯಿಸುವುದರಲ್ಲಿ ಅವನದು ಎತ್ತಿದ ಕೈ. ಒಬ್ಬನೇ ಗಂಡಾಗಿ, ಹೆಣ್ಣಾಗಿ, ಮುದುಕನಾಗಿ, ಸಂಗೀತಗಾರನಾಗಿ ಒಂದೇ ಸಂಜೆಯಲ್ಲಿ ಹತ್ತಾರು ಪಾತ್ರಗಳನ್ನು ಆಡುತ್ತಿದ್ದ. ಫ್ರಾನ್ಸಿನ ಲೂಮಿಯೇರ್ ಸೋದರರು 1895ರಲ್ಲಿ ಚಲನಚಿತ್ರವನ್ನು ಜನರ ಮುಂದಿಟ್ಟರು. ಅದಾದ ಕೆಲವೇ ವರ್ಷಗಳಲ್ಲಿ ಫ್ರೆಗೋಲಿ ಆ ಯಂತ್ರವನ್ನು ಪಡೆದು, ಅದಕ್ಕೆ ‘ಫ್ರೆಗೋಲಿಗ್ರಾಫ್’ ಎಂದು ತನ್ನ ಹೆಸರನ್ನೇ ಇಟ್ಟು, ತನ್ನ ಪ್ರದರ್ಶನಗಳಲ್ಲಿ ಕಿರುಚಿತ್ರಗಳನ್ನು ತೋರಿಸತೊಡಗಿದ. ಅವುಗಳಲ್ಲಿ ಒಂದರ ವಸ್ತು ಬಹಳ ಮುಖ್ಯವಾದದ್ದು: ರಂಗದ ಹಿಂಬದಿಯಲ್ಲಿ ಸಹಾಯಕರು ಅವನ ವೇಷ ಕಳಚಿ ಇನ್ನೊಂದು ತೊಡಿಸುವ ದೃಶ್ಯ. ಮೋಡಿಗಾರನೇ ತನ್ನ ಮೋಡಿಯ ಒಳಗುಟ್ಟನ್ನು ತೋರಿಸಿಕೊಟ್ಟ ಹಾಗೆ.

ಫ್ರೆಗೋಲಿಯ ಹೆಸರು ರಂಗಭೂಮಿಯಿಂದ ವೈದ್ಯಶಾಸ್ತ್ರಕ್ಕೂ ಹೋಯಿತು. 1927ರಲ್ಲಿ ಕೂರ್ಬೋನ್ ಮತ್ತು ಫಾಯ್ ಎಂಬ ಇಬ್ಬರು ಫ್ರೆಂಚ್ ವೈದ್ಯರು ಒಬ್ಬ ಯುವತಿಯ ವಿಚಿತ್ರ ಭ್ರಮೆಯನ್ನು ವರದಿ ಮಾಡಿದರು. ಪ್ರಸಿದ್ಧ ನಟಿಯರಿಬ್ಬರು ತನ್ನ ಸುತ್ತಲಿನ ಜನರ ವೇಷದಲ್ಲಿ ಬಂದು ತನ್ನನ್ನು ಹಿಂಬಾಲಿಸುತ್ತಿದ್ದಾರೆ ಎಂದು ಆಕೆ ನಂಬಿದ್ದಳು. ಮುಖಗಳು ಬೇರೆ ಎಂದು ಅವಳ ಕಣ್ಣಿಗೆ ಕಾಣುತ್ತಿತ್ತು; ಆದರೂ ಒಳಗಿರುವವರು ಅವರೇ ಎಂದು ಮನಸ್ಸು ಹೇಳುತ್ತಿತ್ತು. ಇದಕ್ಕೆ ‘ಫ್ರೆಗೋಲಿ ಭ್ರಮೆ’ ಎಂದು ಹೆಸರಾಯಿತು. ಇಂದಿಗೂ ಮನೋವೈದ್ಯರು ಇದೇ ಹೆಸರನ್ನು ಬಳಸುತ್ತಾರೆ. ಕಣ್ಣು ನೋಡುವುದು ಒಂದು ಕೆಲಸ, ‘ಇವರು ಅವರೇ’ ಎಂದು ತೀರ್ಮಾನಿಸುವುದು ಇನ್ನೊಂದು ಕೆಲಸ ಎನ್ನುವುದನ್ನು ಈ ಪ್ರಕರಣ ಸ್ಪಷ್ಟವಾಗಿ ತೋರಿಸುತ್ತದೆ. ಎರಡೂ ಜೊತೆಯಾಗಿ ಸಾಗುವಾಗ ನಮಗೆ ಭೇದ ತಿಳಿಯುವುದಿಲ್ಲ. ಒಂದು ತಪ್ಪಿದಾಗ ತಿಳಿಯುತ್ತದೆ.

ಫ್ರೆಗೋಲಿಯ ಆಟವನ್ನು ತಿರುಗಿಸಿ ನೋಡಿದರೆ ನಮ್ಮ ಚಿತ್ರಗಳ ದ್ವಿಪಾತ್ರ, ತ್ರಿಪಾತ್ರಗಳು ಸಿಗುತ್ತವೆ. 1978ರ ‘ಶಂಕರ್ ಗುರು’ ಚಿತ್ರದಲ್ಲಿ ಡಾ. ರಾಜ್‌ಕುಮಾರ್ ಅವರದು ಮೂರು ಪಾತ್ರ. ಮುಖ ಒಂದೇ ಎಂದು ಗೊತ್ತಿದ್ದೂ ನಾವು ಮೂವರನ್ನು ಒಪ್ಪಿಕೊಳ್ಳುತ್ತೇವೆ. ಒಬ್ಬ ನಟ ತನ್ನೆದುರಿಗೆ ತಾನೇ ನಿಂತಂತೆ ತೋರಿಸುವ ಹಳೆಯ ವಿಧಾನ ಮೂಕಿ ಕಾಲದ್ದೇ. ಮಸೂರದ ಅರ್ಧ ಭಾಗವನ್ನು ಮುಚ್ಚಿ ಚಿತ್ರೀಕರಿಸುವುದು, ಫಿಲ್ಮನ್ನು ಹಿಂದಕ್ಕೆ ಸುತ್ತಿ, ಉಳಿದರ್ಧವನ್ನು ಮುಚ್ಚಿ ಮತ್ತೆ ಚಿತ್ರೀಕರಿಸುವುದು. ಕ್ಯಾಮೆರಾ ಕದಲದಿದ್ದರೆ ನಡುವಿನ ಗೆರೆ ಕಾಣುವುದಿಲ್ಲ.

ಇನ್ನೊಂದು ಇಟಾಲಿಯನ್ ಚಿತ್ರಕ್ಕೆ ಬರೋಣ. ಟ್ಯೂರಿನ್ ನಗರದ ಆಂಬ್ರೋಸಿಯೋ ಸಂಸ್ಥೆ 1914ರಲ್ಲಿ ‘ಅಮೋರ್ ಪೆದೆಸ್ತ್ರೆ’ ಎಂಬ ಪುಟ್ಟ ಹಾಸ್ಯಚಿತ್ರವನ್ನು ತಯಾರಿಸಿತು. ‘ಕಾಲ್ನಡಿಗೆಯ ಪ್ರೇಮ’ ಎಂದು ಇದನ್ನು ಕರೆಯಬಹುದು. ಮಾರ್ಸೆಲ್ ಫಾಬ್ರ್ ಎಂಬ ಹಾಸ್ಯನಟ ಇದರ ಕರ್ತೃ. ಇಡೀ ಚಿತ್ರದಲ್ಲಿ ಯಾರ ಮುಖವೂ ಇಲ್ಲ. ಕಾಣುವುದು ಬರಿಯ ಕಾಲುಗಳು! ಒಬ್ಬ ಪುರುಷನ ಕಾಲುಗಳು ಒಬ್ಬ ಮಹಿಳೆಯ ಕಾಲುಗಳನ್ನು ಹಿಂಬಾಲಿಸುತ್ತವೆ, ಪತ್ರ ತಲುಪುತ್ತದೆ, ಗಂಡನ ಅಸೂಯೆ ಬರುತ್ತದೆ, ದ್ವಂದ್ವಯುದ್ಧವೂ ನಡೆಯುತ್ತದೆ. ಎಲ್ಲವೂ ಮೊಣಕಾಲ ಕೆಳಗೆ. ಆದರೂ ಯಾರು ನಾಚಿದರು, ಯಾರು ಸಿಟ್ಟಾದರು, ಯಾರು ಹಿಂಜರಿದರು ಎನ್ನುವುದರಲ್ಲಿ ಪ್ರೇಕ್ಷಕನಿಗೆ ಸಂದೇಹವೇ ಬರುವುದಿಲ್ಲ.

ಇದು ಹೇಗೆ ಸಾಧ್ಯ? ಇದಕ್ಕೆ ವಿಜ್ಞಾನದ ಉತ್ತರ ಸುಮಾರು ಅರವತ್ತು ವರ್ಷಗಳ ನಂತರ ಸಿಕ್ಕಿತು. ಸ್ವೀಡನ್ನಿನ ಮನೋವಿಜ್ಞಾನಿ ಗುನ್ನಾರ್ ಯೋಹಾನ್ಸನ್ 1973ರಲ್ಲಿ ಒಂದು ಪ್ರಯೋಗವನ್ನು ಪ್ರಕಟಿಸಿದರು. ವ್ಯಕ್ತಿಯ ಭುಜ, ಮೊಣಕೈ, ಸೊಂಟ, ಮೊಣಕಾಲು, ಹಿಮ್ಮಡಿಯಂಥ ಕೀಲುಗಳಿಗೆ ಪುಟ್ಟ ಬೆಳಕಿನ ಚುಕ್ಕೆಗಳನ್ನು ಅಂಟಿಸಿ, ಕತ್ತಲೆಯಲ್ಲಿ ನಡೆಸಿ ಚಿತ್ರೀಕರಿಸಿದರು. ಪರದೆಯ ಮೇಲೆ ಕಂಡದ್ದು ಹತ್ತು ಹನ್ನೆರಡು ಚುಕ್ಕೆಗಳು ಮಾತ್ರ. ಚುಕ್ಕೆಗಳು ನಿಶ್ಚಲವಾಗಿದ್ದಾಗ ಅವಕ್ಕೆ ಅರ್ಥವಿಲ್ಲ. ಚಲಿಸಿದೊಡನೆ ನೋಡಿದವರೆಲ್ಲ ‘ಮನುಷ್ಯ ನಡೆಯುತ್ತಿದ್ದಾನೆ’ ಎಂದರು. 1977ರಲ್ಲಿ ಅಮೆರಿಕದ ಸಂಶೋಧಕರು ಇದೇ ವಿಧಾನದಲ್ಲಿ ಇನ್ನೂ ಮುಂದೆ ಹೋಗಿ, ಜನರು ತಮ್ಮ ಸ್ನೇಹಿತರನ್ನು ಚುಕ್ಕೆಗಳ ಚಲನೆಯಿಂದಲೇ ಒಂದು ಮಟ್ಟಿಗೆ ಗುರುತಿಸಬಲ್ಲರು ಎಂದು ತೋರಿಸಿದರು. ಬಸ್ ನಿಲ್ದಾಣದಲ್ಲಿ ನಿಮಗೆ ಸಾಧ್ಯವಾಗುವುದು ಇದೇ.

ಸಿನಿಮಾದ ಚಲನೆಯೂ ನಮ್ಮ ಮನಸ್ಸಿನ ಕೆಲಸವೇ. ಫಿಲ್ಮಿನ ಮೇಲೆ ಇರುವುದು ಒಂದರ ನಂತರ ಒಂದು ನಿಶ್ಚಲ ಚಿತ್ರ. ವಾಕ್ಚಿತ್ರದಲ್ಲಿ ಸೆಕೆಂಡಿಗೆ 24. ಕಣ್ಣಿನಲ್ಲಿ ಹಿಂದಿನ ಚಿತ್ರ ಅಳಿಯದೆ ಉಳಿಯುವುದರಿಂದ ಚಲನೆ ಕಾಣುತ್ತದೆ ಎಂದು ಹಳೆಯ ಪುಸ್ತಕಗಳಲ್ಲಿ ಓದಿರುತ್ತೀರಿ. ಆ ವಿವರಣೆ ಸಾಲದು. ಹಿಂದಿನ ಚಿತ್ರ ಉಳಿಯುವುದಷ್ಟೇ ಆಗಿದ್ದರೆ ಎಲ್ಲ ಚಿತ್ರಗಳೂ ಒಂದರ ಮೇಲೊಂದು ಬಿದ್ದು ಮಸಿ ಚೆಲ್ಲಿದಂತೆ ಕಾಣಬೇಕಿತ್ತು. 1912ರಲ್ಲಿ ಜರ್ಮನಿಯ ಮ್ಯಾಕ್ಸ್ ವರ್ಟ್‌ಹೈಮರ್ ಪ್ರಕಟಿಸಿದ ಪ್ರಯೋಗಗಳು, ಎರಡು ನಿಶ್ಚಲ ಗೆರೆಗಳನ್ನು ಸರಿಯಾದ ಅಂತರದಲ್ಲಿ ತೋರಿಸಿದರೆ ಮಿದುಳು ಅವುಗಳ ನಡುವೆ ಚಲನೆಯನ್ನೇ ‘ನೋಡುತ್ತದೆ’ ಎಂದು ತಿಳಿಸಿದವು. ಇಲ್ಲದ ಕೊಂಡಿಯನ್ನು ನಾವೇ ಹಾಕುತ್ತೇವೆ. ಸಂಕಲನದ ಮೇಜಿನ ಮುಂದೆ ಕೂತವರಿಗೆ ಇದು ದಿನನಿತ್ಯದ ಅನುಭವ. ಒಬ್ಬಾಕೆ ಕಿಟಕಿಯತ್ತ ನೋಡುವ ದೃಶ್ಯದ ಪಕ್ಕಕ್ಕೆ ಮಳೆಯ ದೃಶ್ಯ ಇಟ್ಟರೆ ಆಕೆ ಮಳೆ ನೋಡುತ್ತಿದ್ದಾಳೆ. ಖಾಲಿ ರಸ್ತೆ ಇಟ್ಟರೆ ಯಾರಿಗೋ ಕಾಯುತ್ತಿದ್ದಾಳೆ. ಮುಖ ಮಾತ್ರ ಒಂದೇ.

ಇಟಲಿಯ ‘ಭವಿಷ್ಯವಾದಿ’ ಕಲಾವಿದರು ಇದನ್ನು ಇನ್ನೊಂದು ತುದಿಗೆ ಒಯ್ದರು. ಅವರಲ್ಲಿ ಒಬ್ಬನಾಗಿದ್ದ ಆಂತೋನ್ ಜೂಲಿಯೋ ಬ್ರಾಗಾಲ್ಯಾ ಮೊದಲು ಛಾಯಾಚಿತ್ರಗಾರ. ಚಲಿಸುವ ಮನುಷ್ಯನನ್ನು ಹೆಚ್ಚು ಹೊತ್ತು ಮಸೂರ ತೆರೆದಿಟ್ಟು ಸೆರೆಹಿಡಿದು, ಮುಖ ಒಂದು ಬೆಳಕಿನ ಪಟ್ಟಿಯಾಗಿ ಹರಡುವಂತೆ ಮಾಡುತ್ತಿದ್ದ. 1917ರಲ್ಲಿ ಅವನು ‘ಥಾಯಿಸ್’ ಎಂಬ ಚಿತ್ರವನ್ನು ನಿರ್ದೇಶಿಸಿದ. ಅದರ ರಂಗಸಜ್ಜೆ ಎನ್ರಿಕೋ ಪ್ರಾಂಪೊಲಿನಿಯದು. ಹಲವು ಪುರುಷರನ್ನು ಆಕರ್ಷಿಸುವ, ತನ್ನ ನಿಜವಾದ ಹೆಸರನ್ನು ಬಿಟ್ಟು ಬೇರೆ ಹೆಸರಿನಿಂದ ಪ್ರಸಿದ್ಧಳಾದ ಒಬ್ಬ ಶ್ರೀಮಂತ ಮಹಿಳೆಯ ಕಥೆ ಅದು. ಕೊನೆಗೊಳ್ಳುತ್ತ ಬಂದಂತೆ ಗೋಡೆಗಳ ಮೇಲೆ ಸುರುಳಿಗಳು, ತ್ರಿಕೋನಗಳು, ಚೌಕುಳಿಗಳು ತುಂಬಿಕೊಳ್ಳುತ್ತವೆ. ನಾಯಕಿಗೂ ಹಿನ್ನೆಲೆಗೂ ನಡುವಿನ ಗಡಿಯೇ ಮಸುಕಾಗುತ್ತದೆ. ತನ್ನ ಗುರುತನ್ನು ತಾನೇ ಕಳೆದುಕೊಂಡವಳನ್ನು ಕಣ್ಣೂ ಹುಡುಕಬೇಕಾದ ಸ್ಥಿತಿ ಅದು. ಇದರ ಒಂದು ಪ್ರತಿ ಪ್ಯಾರಿಸ್ಸಿನ ಚಿತ್ರಭಂಡಾರದಲ್ಲಿ ಉಳಿದಿದೆ. ಅದೇ ಬಳಗದವರು 1916ರಲ್ಲಿ ತಯಾರಿಸಿದ ‘ವೀತಾ ಫುತುರಿಸ್ತಾ’ ಎಂಬ ಚಿತ್ರ ಮಾತ್ರ ಕಳೆದುಹೋಗಿದೆ.

ಈಗ ನಮ್ಮ ನಾಡಿಗೆ ಬರೋಣ. ಕನ್ನಡದ ಮೂಕಿ ಚಿತ್ರಗಳ ಮಾತು ಬಂದಾಗ ಮೊದಲು ನೆನಪಾಗುವುದು 1930ರ ಆಸುಪಾಸಿನಲ್ಲಿ ಮೋಹನ್ ಭವನಾನಿ ನಿರ್ದೇಶಿಸಿದ ‘ವಸಂತಸೇನಾ’. ಮಂಗಳೂರಿನ ಕಮಲಾದೇವಿ ಚಟ್ಟೋಪಾಧ್ಯಾಯ, ನಾಟಕಕಾರ ಟಿ.ಪಿ. ಕೈಲಾಸಂ, ಏಣಾಕ್ಷಿ ರಾಮರಾವ್ ಇದರಲ್ಲಿ ಅಭಿನಯಿಸಿದ್ದರು. ಆಧಾರ ಶೂದ್ರಕನ ‘ಮೃಚ್ಛಕಟಿಕ’. ಈ ನಾಟಕದ ಜೀವಾಳವೇ ತಪ್ಪು ಗುರುತು. ಚಾರುದತ್ತನ ಗಾಡಿ ಎಂದುಕೊಂಡು ವಸಂತಸೇನೆ ಶಕಾರನ ಗಾಡಿ ಹತ್ತುತ್ತಾಳೆ. ಸೆರೆಯಿಂದ ತಪ್ಪಿಸಿಕೊಂಡ ಆರ್ಯಕ ಚಾರುದತ್ತನ ಗಾಡಿಯಲ್ಲಿ ಅಡಗುತ್ತಾನೆ. ನ್ಯಾಯಸಭೆಯಲ್ಲಿ ಗೆಳೆಯನ ಬಳಿಯಿಂದ ವಸಂತಸೇನೆಯ ಒಡವೆಗಳು ಕೆಳಗೆ ಬಿದ್ದಾಗ, ಅವೇ ಚಾರುದತ್ತನು ಕೊಲೆಗಾರನೆಂಬುದಕ್ಕೆ ಸಾಕ್ಷಿಯಾಗುತ್ತವೆ. ಕಣ್ಣಿಗೆ ಕಂಡದ್ದು ಸತ್ಯ. ಅದರಿಂದ ಮಾಡಿದ ತೀರ್ಮಾನ ಸುಳ್ಳು. ಒಬ್ಬ ನಿರಪರಾಧಿಯ ಪ್ರಾಣ ಈ ವ್ಯತ್ಯಾಸದ ಮೇಲೆ ನಿಂತಿರುತ್ತದೆ.

1934ರ ಮಾರ್ಚ್ 3ರಂದು ‘ಸತಿ ಸುಲೋಚನಾ’ ತೆರೆಕಂಡು ಕನ್ನಡ ಚಿತ್ರಕ್ಕೆ ಮಾತು ಬಂತು. ಮೂಕಿಯ ಕಾಲ ಮುಗಿಯಿತು. ಭಾರತದಲ್ಲಿ ತಯಾರಾದ ಸಾವಿರಕ್ಕೂ ಹೆಚ್ಚು ಮೂಕಿ ಚಿತ್ರಗಳಲ್ಲಿ ಬಹುಪಾಲು ಇಂದು ಉಳಿದಿಲ್ಲ. ಅಂದಿನ ನೈಟ್ರೇಟ್ ಫಿಲ್ಮು ಬೇಗ ಕೆಡುವಂಥದ್ದು, ಬೇಗ ಬೆಂಕಿ ಹಿಡಿಯುವಂಥದ್ದು. ಪುಣೆಯಲ್ಲಿ ರಾಷ್ಟ್ರೀಯ ಚಿತ್ರಭಂಡಾರ ಸ್ಥಾಪನೆಯಾದದ್ದು 1964ರಲ್ಲಿ. ಅಷ್ಟು ಹೊತ್ತಿಗೆ ಹೆಚ್ಚಿನವು ನಾಶವಾಗಿದ್ದವು.

ಹೀಗೆ ಮರೆಯಾಗಿದ್ದ ಮೂಕಿ 1987ರಲ್ಲಿ ಬೆಂಗಳೂರಿನಲ್ಲೇ ಮತ್ತೆ ಜೀವ ತಳೆಯಿತು. ಅದು ‘ಪುಷ್ಪಕ ವಿಮಾನ’. ನಿರ್ದೇಶಕರು ಸಿಂಗೀತಂ ಶ್ರೀನಿವಾಸರಾವ್, ನಿರ್ಮಾಪಕರು ಶೃಂಗಾರ್ ನಾಗರಾಜ್, ಛಾಯಾಗ್ರಹಣ ಬಿ.ಸಿ. ಗೌರೀಶಂಕರ್ ಅವರದು, ಸಂಗೀತ ಎಲ್. ವೈದ್ಯನಾಥನ್ ಅವರದು. ಕಮಲ್ ಹಾಸನ್, ಅಮಲಾ, ಸಮೀರ್ ಖಾಖರ್, ಟೀನು ಆನಂದ್ ಮುಖ್ಯ ಪಾತ್ರಧಾರಿಗಳು. ಚಿತ್ರದಲ್ಲಿ ಸದ್ದು ಇದೆ, ಸಂಗೀತ ಇದೆ, ಸಂಭಾಷಣೆ ಇಲ್ಲ. ನೋಡದವರು ದಯವಿಟ್ಟು ಕ್ಷಮಿಸಿ, ಕಥೆಯನ್ನು ಸ್ವಲ್ಪ ಹೇಳಲೇಬೇಕು.

ಕೆಲಸವಿಲ್ಲದ ಪದವೀಧರನೊಬ್ಬ ಒಂದು ಇಕ್ಕಟ್ಟಾದ ಕೋಣೆಯಲ್ಲಿ ಬದುಕುತ್ತಿದ್ದಾನೆ. ಅವನಿಗೆ ಹೆಸರೇ ಇಲ್ಲ. ಒಂದು ರಾತ್ರಿ ಕುಡಿದು ಬಿದ್ದಿದ್ದ ಶ್ರೀಮಂತನ ಬಳಿ ದೊಡ್ಡ ಹೋಟೆಲಿನ ಕೋಣೆಯ ಕೀಲಿಕೈ ಸಿಗುತ್ತದೆ. ಶ್ರೀಮಂತನನ್ನು ತನ್ನ ಕೋಣೆಯಲ್ಲಿ ಕಟ್ಟಿಹಾಕಿ, ಯುವಕ ಹೋಟೆಲಿನ ಕೋಣೆ ಸೇರುತ್ತಾನೆ. ಮುಖ ಬದಲಾಗಲಿಲ್ಲ, ಕಾಗದಪತ್ರ ಬದಲಾಗಲಿಲ್ಲ. ಕೀಲಿಕೈ ಮತ್ತು ಉಡುಪು, ಇವೆರಡೇ ಬದಲಾದವು. ಲೋಕ ಅವನನ್ನು ಬೇರೆಯವನೆಂದೇ ಕಾಣತೊಡಗಿತು. ಶ್ರೀಮಂತನನ್ನು ಕೊಲ್ಲಲು ಬಂದ ಬಾಡಿಗೆ ಹಂತಕನಿಗೂ ಅಷ್ಟೇ; ಆ ಕೋಣೆಯಲ್ಲಿ ಇದ್ದವನೇ ಕೊಲ್ಲಬೇಕಾದವನು. ವಸಂತಸೇನೆಗೆ ಗಾಡಿ ಹೇಗೋ ಇವನಿಗೆ ಕೋಣೆ ಹಾಗೆ. ಯಾರು ಎನ್ನುವ ಪ್ರಶ್ನೆಗೆ ‘ಎಲ್ಲಿದ್ದಾನೆ’ ಎನ್ನುವುದೇ ಉತ್ತರವಾಗಿಬಿಟ್ಟಿತು.

ಆ ಹಂತಕನ ಆಯುಧ ಮಂಜುಗಡ್ಡೆಯಿಂದ ಮಾಡಿದ ಚೂರಿ. ಕೆಲಸ ಮುಗಿದ ಮೇಲೆ ಕರಗಿ ನೀರಾಗಬೇಕು, ಸಾಕ್ಷಿ ಉಳಿಯಬಾರದು ಎನ್ನುವುದು ಲೆಕ್ಕಾಚಾರ. ವಿಜ್ಞಾನದ ವಿದ್ಯಾರ್ಥಿಗಳಿಗೆ ಇದು ಮೋಜಿನ ಪ್ರಸಂಗ: ಮಂಜುಗಡ್ಡೆ ಅವನ ಅನುಕೂಲಕ್ಕೆ ಕಾಯುವುದಿಲ್ಲ, ತಡವಾದಷ್ಟೂ ಚೂರಿ ಸಣ್ಣದಾಗುತ್ತದೆ! ‘ಮೃಚ್ಛಕಟಿಕ’ದಲ್ಲಿ ಒಡವೆಗಳು ಸುಳ್ಳು ಸಾಕ್ಷಿ ಹೇಳಿದವು. ಇಲ್ಲಿ ಸಾಕ್ಷಿಯೇ ಹರಿದುಹೋಗುವ ನೀರು.

ಇನ್ನೊಂದು ಪ್ರಸಂಗ ನನಗೆ ಎಲ್ಲಕ್ಕಿಂತ ಮುಖ್ಯವೆನಿಸುತ್ತದೆ. ಮೆತ್ತನೆಯ ಹಾಸಿಗೆ, ತಣ್ಣನೆಯ ಕೋಣೆ, ನಿಶ್ಶಬ್ದ ಎಲ್ಲ ಇದ್ದರೂ ನಾಯಕನಿಗೆ ನಿದ್ರೆ ಬರುವುದಿಲ್ಲ. ಅವನ ಹಳೆಯ ಕೋಣೆಯ ಪಕ್ಕದಲ್ಲಿ ಚಿತ್ರಮಂದಿರ. ಹೊಡೆದಾಟದ ಸದ್ದಿನ ನಡುವೆಯೇ ಮಲಗಿ ಅಭ್ಯಾಸ. ಕೊನೆಗೆ ಆ ಗದ್ದಲವನ್ನು ಟೇಪ್ ರೆಕಾರ್ಡರಿನಲ್ಲಿ ಮುದ್ರಿಸಿ ತಂದು, ಹಾಕಿಕೊಂಡು ನಿದ್ರಿಸುತ್ತಾನೆ. ಊರೆಲ್ಲ ಅವನ ಹೊಸ ಗುರುತನ್ನು ನಂಬಿದರೂ ಅವನ ಕಿವಿ ನಂಬಲಿಲ್ಲ. ಉಡುಪನ್ನು ಒಂದು ನಿಮಿಷದಲ್ಲಿ ಬದಲಾಯಿಸಬಹುದು, ಅಭ್ಯಾಸಕ್ಕೆ ವರ್ಷಗಳೇ ಬೇಕು. ಒಂದು ಮಾತೂ ಇಲ್ಲದೆ ಈ ಸತ್ಯವನ್ನು ಈ ದೃಶ್ಯ ಹೇಳುತ್ತದೆ.

ಅದೇ ಚಿತ್ರದ ಭಿಕ್ಷುಕನನ್ನೂ ನೆನೆಯಬೇಕು. ಅವನು ಸತ್ತ ಮೇಲೆ ಅವನ ಕೆಳಗೆ ನೋಟುಗಳ ರಾಶಿ ಕಾಣುತ್ತದೆ. ಜನ ನೋಟಿಗೆ ಮುಗಿಬೀಳುತ್ತಾರೆ, ಹೆಣ ಅನಾಥವಾಗುತ್ತದೆ. ಇದ್ದಾಗ ಅವನನ್ನು ಬಡವನೆಂದು ನೋಡಿದರು, ಸತ್ತಾಗ ಹಣವೆಂದು ನೋಡಿದರು. ಮನುಷ್ಯನೆಂದು ನೋಡಿದವರು ಯಾರು? ನಾಯಕನ ಬದಲಾವಣೆಗೆ ಇದೂ ಒಂದು ಕಾರಣ. ಕೊನೆಗೆ ಅವನು ಶ್ರೀಮಂತನನ್ನು ಬಿಡಿಸಿ, ತಾನು ಮೆಚ್ಚಿದ ಹುಡುಗಿಗೆ ನಿಜ ತಿಳಿಸಿ, ಕೆಲಸ ಹುಡುಕುವವರ ಸಾಲಿನಲ್ಲಿ ಮತ್ತೆ ನಿಲ್ಲುತ್ತಾನೆ.

ಈ ಚಿತ್ರಕ್ಕೆ 1987ನೇ ಸಾಲಿನ ರಾಷ್ಟ್ರಪ್ರಶಸ್ತಿಗಳಲ್ಲಿ ಅತ್ಯುತ್ತಮ ಜನಪ್ರಿಯ ಚಿತ್ರವೆಂಬ ಗೌರವ ಬಂತು. ಇದು ತಮಿಳುನಾಡಿನಲ್ಲಿ ‘ಪೇಸುಂ ಪಡಂ’ ಆಯಿತು, ಹಿಂದಿಯವರಿಗೆ ‘ಪುಷ್ಪಕ್’ ಆಯಿತು. ಮಾತಿಲ್ಲದ ಚಿತ್ರ ಯಾವ ಭಾಷೆಯದು? ಪರದೆಯ ಮೇಲೆ ಅದೇ ಬೀದಿ, ಅದೇ ಹೋಟೆಲು, ಅದೇ ನಟರು. ಹೆಸರು ಬದಲಾದಂತೆ ಪ್ರತಿಯೊಬ್ಬರೂ ನಮ್ಮದೆಂದರು. ಫ್ರೆಗೋಲಿಯಂತೆ ಚಿತ್ರವೂ ವೇಷ ಬದಲಾಯಿಸಿತು ಎನ್ನೋಣ. ಬೆಂಗಳೂರನ್ನು ಬಲ್ಲವರಿಗೆ ಮಾತ್ರ ಅದರ ನಡಿಗೆ ಗೊತ್ತು.

ಮಿತ್ರರೇ, ಇದೆಲ್ಲ ಚಿತ್ರಗಳ ಮಾತಾಯಿತು. ನಮ್ಮ ದಿನನಿತ್ಯಕ್ಕೂ ಇದು ಸಂಬಂಧಿಸಿದ್ದು. ಬಿ.ಟಿ.ಎಂ. ಬಡಾವಣೆಯ ಯಾವುದೇ ಅಪಾರ್ಟ್‌ಮೆಂಟಿನ ಗೇಟಿನ ಬಳಿ ಹತ್ತು ನಿಮಿಷ ನಿಂತು ನೋಡಿ. ಕಾರಿನಲ್ಲಿ ಬಂದವರಿಗೆ ಗೇಟು ತಾನಾಗಿ ತೆರೆಯುತ್ತದೆ. ಊಟದ ಪೊಟ್ಟಣ ತಂದ ಹುಡುಗ ಪುಸ್ತಕದಲ್ಲಿ ಹೆಸರು, ಸಮಯ, ಫೋನು ಸಂಖ್ಯೆ ಬರೆದು ನಿಲ್ಲಬೇಕು. ಅವನೂ ಪದವೀಧರನಿರಬಹುದು, ನಿಮ್ಮದೇ ಕಾಲೇಜಿನ ಹಳೆಯ ವಿದ್ಯಾರ್ಥಿಯಿರಬಹುದು. ನಮಗೆ ಕಂಡದ್ದು ಅಂಗಿಯ ಬಣ್ಣ.

ಯಂತ್ರಗಳಿಗೆ ಈ ದೋಷವಿಲ್ಲ ಎಂದು ತಿಳಿಯಬೇಡಿ. ಮುಖ ನೋಡಿ ಗುರುತು ಹೇಳುವ ಯಂತ್ರಗಳು ಈಗ ವಿಮಾನ ನಿಲ್ದಾಣದ ಬಾಗಿಲಿನಲ್ಲೂ ಇವೆ, ನಮ್ಮ ಜೇಬಿನ ಫೋನಿನಲ್ಲೂ ಇವೆ. 2018ರಲ್ಲಿ ಜಾಯ್ ಬ್ಯುಲಮ್‌ವಿನಿ ಮತ್ತು ಟಿಮ್ನಿಟ್ ಗೆಬ್ರು ಎಂಬ ಸಂಶೋಧಕಿಯರು, ಮುಖ ನೋಡಿ ಗಂಡೋ ಹೆಣ್ಣೋ ಎಂದು ಹೇಳುವ ಮೂರು ತಂತ್ರಾಂಶಗಳನ್ನು ಪರೀಕ್ಷಿಸಿದರು. ತಿಳಿಬಣ್ಣದ ಪುರುಷರ ವಿಷಯದಲ್ಲಿ ತಪ್ಪು ಶೇಕಡಾ 1ನ್ನೂ ಮುಟ್ಟಲಿಲ್ಲ. ಕಪ್ಪುಬಣ್ಣದ ಮಹಿಳೆಯರ ವಿಷಯದಲ್ಲಿ ಒಂದು ತಂತ್ರಾಂಶದ ತಪ್ಪು ಶೇಕಡಾ 34ನ್ನು ದಾಟಿತು. ಯಂತ್ರಕ್ಕೆ ಯಾವ ಮುಖಗಳನ್ನು ಹೆಚ್ಚಾಗಿ ತೋರಿಸಿದ್ದೇವೋ ಅವನ್ನೇ ಅದು ಚೆನ್ನಾಗಿ ಕಲಿಯುತ್ತದೆ. ನಾವೂ ಹಾಗೆಯೇ.

ಹಾಗಾದರೆ ಮಾಡಬೇಕಾದ್ದೇನು? ಮೂರು ಸುಲಭ ಪ್ರಯೋಗಗಳನ್ನು ಸೂಚಿಸುತ್ತೇನೆ. ಒಂದು, ಬಸ್ ನಿಲ್ದಾಣದಲ್ಲಿ ಐದು ನಿಮಿಷ ಜನರ ಕಾಲುಗಳನ್ನು ಮಾತ್ರ ನೋಡಿ. ಅವಸರ, ದಣಿವು, ಖುಷಿ ಯಾವುದು ಎಂದು ಊಹಿಸಿ, ಆಮೇಲೆ ಮುಖ ನೋಡಿ ಸರಿಯೋ ತಪ್ಪೋ ಬರೆದುಕೊಳ್ಳಿ. ಎರಡು, ಒಂದು ಧಾರಾವಾಹಿಯನ್ನು ಸದ್ದಿಲ್ಲದೆ ನೋಡಿ, ಯಾರು ಒಳ್ಳೆಯವರು ಯಾರು ಕೆಟ್ಟವರು ಎಂದು ನಿಮಗೆ ಯಾವುದರಿಂದ ತಿಳಿಯಿತು ಎಂದು ಪಟ್ಟಿ ಮಾಡಿ. ಮೂರು, ಸ್ನೇಹಿತರೊಂದಿಗೆ ಕೂಡಿ ಒಂದು ಮೂಕಿ ಚಿತ್ರ ನೋಡಿ. ಬನಶಂಕರಿ ಎರಡನೇ ಹಂತದ ಸುಚಿತ್ರಾದಂಥ ಚಿತ್ರಸಮಾಜಗಳು ಹುಟ್ಟಿದ್ದೇ ಹೀಗೆ ಕೂಡಿ ನೋಡಿ, ಕೂಡಿ ಚರ್ಚಿಸುವುದಕ್ಕಾಗಿ.

ನಿಮ್ಮ ಪಟ್ಟಿಯಲ್ಲಿ ಎಷ್ಟು ಊಹೆಗಳು ಸರಿಯಾದವು ಎನ್ನುವುದಕ್ಕಿಂತ, ತಪ್ಪಾದ ಊಹೆಗೆ ಏನು ಕಾರಣ ಎನ್ನುವುದನ್ನು ಹುಡುಕಿ. ಮೈಬಣ್ಣವೇ, ಚಪ್ಪಲಿಯೇ, ನಿಂತ ಜಾಗವೇ? ಅಲ್ಲಿ ನಿಮ್ಮದೇ ಮನಸ್ಸು ಹಾಕಿದ ಕೊಂಡಿ ಕಾಣಸಿಗುತ್ತದೆ. ಅದನ್ನು ಒಮ್ಮೆ ಕಂಡವರು ಮುಂದಿನ ಸಲ ಇನ್ನೊಬ್ಬರ ಬಗ್ಗೆ ತೀರ್ಪು ಕೊಡುವ ಮೊದಲು ಒಂದು ಕ್ಷಣ ತಡೆಯುತ್ತಾರೆ. ಚಾರುದತ್ತನ ನ್ಯಾಯಸಭೆಯಲ್ಲಿ ಇಲ್ಲದೇ ಹೋದದ್ದು ಆ ಒಂದು ಕ್ಷಣವೇ.